ಬಿಡುಗಡೆಗೆ ಮೊದಲು ಯಾರಾದ್ರೂ ಒಬ್ರು ಓದ್ಲಿ: ಮುಂಬೈ ಕನ್ನಡ ಸಂಘಗಳಿಗೆ ಒಂದು ಬಹಿರಂಗ ಪತ್ರ

ಮುಂಬೈಯ ಕನ್ನಡ ಸಂಘ-ಸಂಸ್ಥೆಗಳ ಅಧ್ಯಕ್ಷರಿಗೆ, ಗೌರವ ಕಾರ್ಯದರ್ಶಿಗಳಿಗೆ, ಪ್ರಕಟಣಾ ಸಮಿತಿ ಅಂತ ಒಂದಿದ್ರೆ ಅದರ ಸದಸ್ಯರಿಗೆ, ನಮಸ್ಕಾರ.

ನೇರ ವಿಷಯಕ್ಕೇ ಬರ್ತೀನಿ. ಈ ವರ್ಷ ನಿಮ್ಮ ಸಂಘದಿಂದ ಒಂದು ಪುಸ್ತಕವೋ, ಬೆಳ್ಳಿಹಬ್ಬದ ಸ್ಮರಣ ಸಂಚಿಕೆಯೋ, ಹಿರಿಯರೊಬ್ಬರ ಅಭಿನಂದನ ಗ್ರಂಥವೋ ಬರೋದಿದ್ರೆ ಅದರ ಖರ್ಚಿನ ಹಾಳೆ ಒಮ್ಮೆ ತೆಗೆದು ನೋಡಿ. ಡಿಟಿಪಿ ಇರತ್ತೆ, ಪ್ರಿಂಟಿಂಗ್ ಇರತ್ತೆ, ಕವರ್ ಡಿಸೈನ್, ಹಾಲ್ ಬಾಡಿಗೆ, ಬ್ಯಾನರ್, ಶಾಲು, ಹಾರ, ಪೇಟ, ಹಣ್ಣಿನ ಬುಟ್ಟಿ, ಊರಿಂದ ಬರೋ ಮುಖ್ಯ ಅತಿಥಿಗೆ ವಿಮಾನದ ಟಿಕೆಟ್ಟು, ವಿಡಿಯೋದವನು, ಊಟ, ಊಟದ ನಂತರದ ಐಸ್‌ಕ್ರೀಮು, ಎಲ್ಲಾ ಇರತ್ತೆ. ಸಂಪಾದಕರಿಗೆ ಅಂತ ಒಂದು ಸಾಲು ಇದೆಯಾ? ನಾನು ನೋಡಿದ ಅಷ್ಟೂ ಹಾಳೆಗಳಲ್ಲಿ ಆ ಸಾಲು ಇರ್ಲಿಲ್ಲ. ಹೆಚ್ಚಂದ್ರೆ "ಪ್ರೂಫ್ ರೀಡಿಂಗ್" ಅಂತ ಇರತ್ತೆ, ಅದೂ ಡಿಟಿಪಿಯವರ ಬಿಲ್ಲಿನ ಒಳಗೇ ಸೇರಿರತ್ತೆ, ಅಂದ್ರೆ ಟೈಪ್ ಮಾಡಿದವರೇ ತಮ್ಮ ತಪ್ಪನ್ನ ತಾವೇ ಹುಡುಕ್ಕೋಬೇಕು.

ನಾನು ಡೊಂಬಿವಲಿಯವಳು. ಮುಂಬೈಯ ಒಂದು ಕನ್ನಡ ಪೇಪರಿನ ಡೆಸ್ಕಲ್ಲಿ, ಅಂದ್ರೆ ಬಂದ ವರದಿಗಳನ್ನ ತಿದ್ದಿ ಪುಟಕ್ಕೆ ಹಾಕೋ ಕಡೆ, ತುಂಬಾ ವರ್ಷ ಕೆಲಸ ಮಾಡಿ ಈಗ ಮನೇಲಿ ಕೂತು ಪುಸ್ತಕಗಳ ಎಡಿಟಿಂಗ್ ಮಾಡ್ಕೊಂಡಿರೋಳು. ಹಾಗಾಗಿ ಈ ಪತ್ರದಲ್ಲಿ ನನ್ನ ಹೊಟ್ಟೆಪಾಡೂ ಸ್ವಲ್ಪ ಇದೆ, ಅದನ್ನ ಮುಚ್ಚಿಟ್ಟು ಬರೀ ಭಾಷಾಸೇವೆ ಅಂತೆಲ್ಲ ಹೇಳೋಕೆ ನನಗೆ ಬರಲ್ಲ.

ಮೊದಲೇ ಒಂದು ಮಾತು. ಮುಂಬೈಯ ಸಂಘಗಳನ್ನ ಹೀಯಾಳಿಸೋದಕ್ಕೆ ಇದನ್ನ ಬರೀತಿಲ್ಲ. ಮೈಸೂರು ಅಸೋಸಿಯೇಷನ್ ಮಾಟುಂಗದಲ್ಲಿ 1926ರಿಂದ ಇದೆ, ಕರ್ನಾಟಕ ಸಂಘ 1933ರಿಂದ. ನೇಸರು, ಸ್ನೇಹಸಂಬಂಧ, ಮೊಗವೀರ, ಅಕ್ಷಯ, ಗೋಕುಲವಾಣಿ ಅಂತ ಹೊರನಾಡಲ್ಲಿ ಕೂತು ಕನ್ನಡದ ಪತ್ರಿಕೆಗಳನ್ನ ವರ್ಷಾನುಗಟ್ಟಲೆ ನಡೆಸೋದು ಸಣ್ಣ ಮಾತಲ್ಲ. ಹೀಗೆ ಪತ್ರಿಕೆ ನಡೆಸೋರಲ್ಲಿ ಎಷ್ಟೋ ಜನ ಬೆಳಗ್ಗೆಯಿಂದ ಸಂಜೆ ತನಕ ಬ್ಯಾಂಕಲ್ಲೋ ಹೋಟೆಲಲ್ಲೋ ದುಡಿದು, ರಾತ್ರಿ ವಾಪಸ್ ಬರೋ ಲೋಕಲಲ್ಲಿ ಮೊಣಕಾಲ ಮೇಲೆ ಪ್ರೂಫು ಇಟ್ಕೊಂಡು ತಿದ್ದಿದವರು, ಒಂದು ಪೈಸಾ ತಗೊಳ್ದೆ. ನನ್ನ ತಕರಾರು ಅವರ ಮೇಲಲ್ಲ. ಅವರ ಕೆಲಸಕ್ಕೆ ಬೆಲೆ ಇಲ್ಲ ಅಂತ ತೀರ್ಮಾನ ಮಾಡಿಟ್ಟಿರೋ ನಮ್ಮ ಲೆಕ್ಕದ ಮೇಲೆ.

ಪುಸ್ತಕದ ಮೂರನೇ ಪುಟ ತೆಗೀರಿ. ಪ್ರಧಾನ ಸಂಪಾದಕರು, ಗೌರವ ಸಂಪಾದಕರು, ಕಾರ್ಯನಿರ್ವಾಹಕ ಸಂಪಾದಕರು, ಸಲಹಾ ಮಂಡಳಿ, ಸಂಪಾದಕ ಮಂಡಳಿ ಅಂತ ಒಂದು ಪುಟ ತುಂಬಾ ಹೆಸರು. ಈ ಪಟ್ಟಿಯಲ್ಲಿರೋ ಎಷ್ಟು ಜನ ಪುಸ್ತಕವನ್ನ ಅಚ್ಚಿಗೆ ಹೋಗೋ ಮೊದಲು ಪೂರ್ತಿ ಓದಿರ್ತಾರೆ? ಗಲ್ಲಾದ ಮೇಲೆ ನಾಲ್ಕು ಜನರನ್ನ ಕೂರಿಸಿ ಒಳಗೆ ಅಡುಗೆ ಭಟ್ರನ್ನೇ ಇಡದ ಹೋಟೆಲು ಎಷ್ಟು ದಿನ ನಡೆದೀತು, ನಿಮ್ಮಲ್ಲಿ ಅರ್ಧ ಜನ ಹೋಟೆಲ್ ಉದ್ಯಮದವರು, ನಾನು ಹೇಳ್ಬೇಕಾಗಿಲ್ಲ. ನನ್ನ ಹೆಸರನ್ನೂ ಹೀಗೆ ಕೇಳದೇನೇ ಹಾಕಿದ ಒಂದು ಸಂಚಿಕೆ ಇದೆ, ಬಿಡುಗಡೆಯ ದಿನ ಕೈಗೆ ಸಿಕ್ಕಾಗಲೇ ಗೊತ್ತಾದದ್ದು.

ಸಂಪಾದಕರು ಅಂದ್ರೆ ಕಾಗುಣಿತ ತಿದ್ದೋರು ಅಂತ ತುಂಬಾ ಜನ ತಿಳ್ಕೊಂಡಿದಾರೆ. ಕಾಗುಣಿತ ತಿದ್ದೋದು ಪ್ರೂಫ್ ನೋಡೋರ ಕೆಲಸ. ಅದೂ ಬೇಕು, ನುಡಿ, ಬರಹ ಅನ್ನೋ ಸಾಫ್ಟ್‌ವೇರಲ್ಲಿ ಟೈಪ್ ಮಾಡಿದ ಹಳೇ ಫೈಲನ್ನ ಯೂನಿಕೋಡಿಗೆ ಕನ್ವರ್ಟ್ ಮಾಡಿದಾಗ ಅರ್ಕಾವತ್ತು ಎಲ್ಲೋ ಹಾರಿ ಹೋಗಿ, ಒತ್ತಕ್ಷರ ಬಿಡಿಬಿಡಿಯಾಗಿ ಬಿದ್ದು ಪುಟ ಪೂರಾ ಜಾತ್ರೆ ಆಗಿರತ್ತೆ, ಅದನ್ನ ಒಂದೊಂದಾಗಿ ಹೆಕ್ಕೋಕೆ ತಾಳ್ಮೆ ಬೇಕು. ಆದರೆ ಸಂಪಾದನೆ ಅನ್ನೋದು ಅದಕ್ಕಿಂತ ತುಂಬಾ ಮೊದಲು ಶುರುವಾಗೋ ಕೆಲಸ. ಹಸ್ತಪ್ರತಿ ಕೈಗೆ ಬಂದಾಗ, ಇದು ಪುಸ್ತಕ ಆಗ್ಬೇಕಾ, ಆಗೋದಾದ್ರೆ ಯಾರು ಓದೋದಕ್ಕೆ, ಇದರಲ್ಲಿ ಯಾವುದು ಇರ್ಬೇಕು ಯಾವುದು ಹೋಗ್ಬೇಕು, ಇನ್ನೂ ಏನು ಬರೆಸ್ಬೇಕು ಅಂತ ಲೇಖಕರ ಜೊತೆ ಕೂತು ಜಗಳ ಆಡೋದು.

ಒಂದು ಉದಾಹರಣೆ ಕೊಡ್ತೀನಿ. ನಮ್ಮಲ್ಲಿ ಅತಿ ಹೆಚ್ಚು ಬರೋದು ಆತ್ಮಕಥೆಗಳು. ಊರಿಂದ ಹುಡುಗನಾಗಿದ್ದಾಗ ಓಡಿಬಂದು, ಮುಂಬೈಯ ಫೋರ್ಟ್ ಏರಿಯಾದ ಕ್ಯಾಂಟೀನಲ್ಲಿ ಲೋಟ ತೊಳೆದು, ಆಮೇಲೆ ತಾವೇ ಹೋಟೆಲ್ ಮಾಡಿ, ಮಕ್ಕಳನ್ನ ಡಾಕ್ಟರು ಇಂಜಿನಿಯರು ಮಾಡಿಸಿದವರ ಕಥೆ. ಈ ಕಥೆಗಳು ಬಹಳ ದೊಡ್ಡವು, ಒಂದು ಊರು ಹೇಗೆ ಕಟ್ಟಿಕೊಳ್ತು ಅನ್ನೋದು ಇದರೊಳಗೆ ಇದೆ, ಇತಿಹಾಸ ಬರೆಯೋರಿಗೆ ಇದು ಬೇರೆಲ್ಲೂ ಸಿಗಲ್ಲ. ಆದರೆ ಪುಸ್ತಕ ಬಿಡಿಸಿದ್ರೆ ಏನಿರತ್ತೆ? "ಹಗಲು ಹೋಟೆಲಿನಲ್ಲಿ ದುಡಿದು ರಾತ್ರಿ ಶಾಲೆಗೆ ಹೋಗಿ ಎಸ್ಸೆಸ್ಸೆಲ್ಸಿ ಮುಗಿಸಿದೆ." ಮುಗೀತು. ಒಂದೇ ವಾಕ್ಯ. ಆಮೇಲೆ ನಲವತ್ತು ಪುಟ ಸನ್ಮಾನಗಳು, ಯಾವ ಸಚಿವರು ಬಂದಿದ್ರು, ಯಾವ ಸ್ವಾಮೀಜಿ ಆಶೀರ್ವಾದ ಮಾಡಿದ್ರು, ಬಣ್ಣದ ಫೋಟೋ. ಆ ಒಂದು ವಾಕ್ಯದ ಹತ್ರ ನಿಂತು ಕೇಳೋರು ಬೇಕಿತ್ತು. ರಾತ್ರಿ ಶಾಲೆ ಎಷ್ಟು ಗಂಟೆಗೆ? ಹೋಟೆಲಿನ ಧಣಿ ಬಿಡ್ತಿದ್ರಾ, ಬಿಡದೆ ಇದ್ರೆ ಏನು ಸುಳ್ಳು ಹೇಳಿ ಹೋಗ್ತಿದ್ರಿ? ಪಾಠ ಹೇಳ್ತಿದ್ದ ಮೇಷ್ಟ್ರು ಹಗಲು ಏನು ಕೆಲಸ ಮಾಡ್ತಿದ್ರು? ಕ್ಲಾಸಲ್ಲಿ ನಿದ್ದೆ ಬಂದ್ರೆ? ಶಾಲೆ ಬಿಟ್ಟ ಮೇಲೆ ಮಲಗ್ತಿದ್ದದ್ದು ಎಲ್ಲಿ, ಹೋಟೆಲಿನ ಬೆಂಚಿನ ಮೇಲಾ, ಅಟ್ಟದಲ್ಲಾ, ಫುಟ್‌ಪಾತಲ್ಲಾ? ಮನೆಗೆ ಮನಿಆರ್ಡರ್ ಕಳಿಸೋ ಫಾರಂ ಬರೆದುಕೊಡ್ತಿದ್ದವರು ಯಾರು? ಇಷ್ಟು ಕೇಳಿದ್ರೆ ಸಾಕು, ಆ ಹಿರಿಯರು ಕುರ್ಚಿಯಲ್ಲಿ ಹಿಂದಕ್ಕೆ ಒರಗಿ ಎರಡು ಗಂಟೆ ಮಾತಾಡ್ತಾರೆ, ಅವರಿಗೇ ಮರೆತುಹೋಗಿದ್ದು ಒಂದೊಂದೇ ಈಚೆಗೆ ಬರತ್ತೆ. ಅದೇ ಪುಸ್ತಕ. ಉಳಿದದ್ದು ಆಲ್ಬಮ್ಮು. ಸಂಪಾದಕರ ಕೆಲಸ ಕತ್ತರಿಸೋದು ಅಂತಾರಲ್ಲ, ನನ್ನ ಅನುಭವದಲ್ಲಿ ಮುಕ್ಕಾಲು ಪಾಲು ಕೆಲಸ ಬರೆಸೋದೇ. ಆ ತಲೆಮಾರಿನಲ್ಲಿ ಹೇಳೋರು ದಿನೇದಿನೇ ಕಮ್ಮಿ ಆಗ್ತಿದಾರೆ, ಅದನ್ನೂ ಸ್ವಲ್ಪ ಯೋಚನೆ ಮಾಡಿ.

ಇನ್ನು ಇಸವಿಗಳ ಕಥೆ. ಒಂದು ಪುಸ್ತಕದಲ್ಲಿ ಲೇಖಕರು 1968ರಲ್ಲಿ ಮುಂಬೈಗೆ ಬಂದು ಟ್ರಾಮ್ ಹತ್ತಿ ದಾದರಿಗೆ ಹೋಗ್ತಾರೆ. ಮುಂಬೈಯ ಕೊನೇ ಟ್ರಾಮ್ ಓಡಿದ್ದು 1964ರ ಮಾರ್ಚ್ 31ಕ್ಕೆ. ಇನ್ನೊಂದರಲ್ಲಿ ಎಂಬತ್ತರ ದಶಕದಲ್ಲೇ ಕೊಂಕಣ ರೈಲಿನಲ್ಲಿ ಉಡುಪಿಯಿಂದ ಬರ್ತಾರೆ, ಆ ಲೈನು ಪೂರ್ತಿ ಶುರುವಾಗಿದ್ದೇ 1998ರಲ್ಲಿ. ಇದೇನು ದೊಡ್ಡ ವಿಷಯಾನಾ ಅಂತೀರ. ನೆನಪು ಹಾಗೇನೇ, ಹಿಂದೆಮುಂದೆ ಆಗತ್ತೆ, ಬರೆದವರನ್ನ ನಾನು ದೂರಲ್ಲ. ಆದರೆ ಧಾರವಾಡ, ಬಿಜಾಪುರ, ಬೆಳಗಾವಿ, ಕಾರವಾರ ಕಡೆಯವರಿಗೆ 1956ರ ನವೆಂಬರ್ 1ರ ತನಕ ಮುಂಬೈ ಅಂದ್ರೆ ತಮ್ಮದೇ ರಾಜ್ಯದ ರಾಜಧಾನಿ, ಅದೇ ಹೊತ್ತಿಗೆ ಮಂಗಳೂರು-ಉಡುಪಿಯವರು ಮದರಾಸಿಗೆ ಸೇರಿದವರು, ಮಹಾರಾಷ್ಟ್ರ ಅನ್ನೋ ರಾಜ್ಯ ಹುಟ್ಟಿದ್ದು 1960ರ ಮೇ 1ಕ್ಕೆ. ಇದನ್ನ ಕಲಸಿಬಿಟ್ರೆ ಯಾರು ಯಾಕೆ ಯಾವಾಗ ಈ ಊರಿಗೆ ಬಂದ್ರು ಅನ್ನೋ ಮುಖ್ಯ ಪ್ರಶ್ನೇನೇ ಕಲಸಿಹೋಗತ್ತೆ. ನಾಳೆ ಕಲೀನಾದ ಮುಂಬೈ ವಿಶ್ವವಿದ್ಯಾಲಯದಲ್ಲಿ ಪಿಎಚ್‌ಡಿ ಮಾಡೋ ಹುಡುಗಿ ನಿಮ್ಮ ಸ್ಮರಣ ಸಂಚಿಕೆಯನ್ನೇ ಆಧಾರ ಅಂತ ಅಡಿಟಿಪ್ಪಣಿಯಲ್ಲಿ ಹಾಕ್ತಾಳೆ. ಅಚ್ಚಾದದ್ದು ನಿಜ ಅಂತಲೇ ಲೆಕ್ಕ.

ಪರಿಶೀಲನೆ ಇಲ್ಲದೆ ಅಚ್ಚು ಹಾಕಿದ್ರೆ ಏನಾಗತ್ತೆ ಅನ್ನೋದಕ್ಕೆ ಈ ಊರಿಗೂ ಸಂಬಂಧ ಇರೋ ಒಂದು ಹಳೇ ಕಥೆ ಇದೆ. 1881ರಲ್ಲಿ ಪುಣೆಯಲ್ಲಿ ಕೇಸರಿ, ಮರಾಠಾ ಅಂತ ಎರಡು ಪತ್ರಿಕೆ ಶುರುವಾದವು, ಕೇಸರಿಗೆ ಅಗರ್ಕರ್ ಸಂಪಾದಕರು, ಇಂಗ್ಲಿಷಿನ ಮರಾಠಾಗೆ ತಿಲಕರು. ಇಬ್ಬರಿಗೂ ಇಪ್ಪತ್ತೈದರ ಆಸುಪಾಸು ವಯಸ್ಸು. ಕೊಲ್ಹಾಪುರದ ದಿವಾನರು ಅಲ್ಲಿಯ ಎಳೇ ಮಹಾರಾಜರಿಗೆ ಹಿಂಸೆ ಕೊಡ್ತಿದಾರೆ ಅಂತ ಯಾರೋ ತಂದುಕೊಟ್ಟ ಪತ್ರಗಳನ್ನ ನಂಬಿ ಬರೆದ್ರು. ದಿವಾನರು ಮಾನಹಾನಿ ಕೇಸು ಹಾಕಿದ್ರು, ಆ ಪತ್ರಗಳು ಖೋಟಾ ಅಂತ ಗೊತ್ತಾಯ್ತು, 1882ರಲ್ಲಿ ಇಬ್ಬರಿಗೂ ನಾಲ್ಕು ತಿಂಗಳ ಶಿಕ್ಷೆ ಆಗಿ ಇಲ್ಲೇ ಮುಂಬೈಯ ಡೋಂಗ್ರಿ ಜೈಲಲ್ಲಿ 101 ದಿನ ಇದ್ದು ಬಂದ್ರು. ಉದ್ದೇಶ ಒಳ್ಳೇದೇ ಇತ್ತು, ಧೈರ್ಯಕ್ಕೆ ಕೊರತೆ ಇರ್ಲಿಲ್ಲ, ದೇಶಭಕ್ತಿಗಂತೂ ಕೇಳೋದೇ ಬೇಡ. ಕೈಗೆ ಬಂದ ಕಾಗದ ಅಸಲೀನಾ ಅಂತ ನೋಡೋದೊಂದು ಉಳಿದುಹೋಗಿತ್ತು. ಆದರೂ ಅವರ ಬಗ್ಗೆ ನನಗೆ ಗೌರವ ಹೆಚ್ಚೇ ಆಗೋದು, ಯಾಕಂದ್ರೆ ಸಂಪಾದಕ ಅಂತ ಹೆಸರು ಹಾಕ್ಕೊಂಡವರು ಸಂಪಾದಕ ಅಂತಲೇ ಜೈಲಿಗೆ ಹೋದ್ರು. ನಮ್ಮ ಮಂಡಳಿ ಪುಟದಲ್ಲಿರೋ ಅಷ್ಟು ಜನರಲ್ಲಿ ಒಂದು ನೋಟೀಸು ಬಂದ್ರೆ "ಹೌದು, ಅದನ್ನ ಓದಿ ಒಪ್ಪಿ ಅಚ್ಚಿಗೆ ಬಿಟ್ಟೋನು ನಾನೇ" ಅಂತ ಎಷ್ಟು ಜನ ಮುಂದೆ ಬರ್ತಾರೆ?

ನೋಟೀಸಿನ ಮಾತು ಸುಮ್ನೆ ಹೆದರಿಸೋದಕ್ಕೆ ಹೇಳಿದ್ದಲ್ಲ. ಆತ್ಮಕಥೆ ಬರೆಯೋರು ಹಳೇ ಪಾರ್ಟ್ನರು ಹೇಗೆ ಮೋಸ ಮಾಡಿದ ಅಂತ ಹೆಸರು ಸಮೇತ ಬರೆದಿರ್ತಾರೆ, ಅಣ್ಣತಮ್ಮಂದಿರ ಆಸ್ತಿ ಜಗಳ ಬರೆದಿರ್ತಾರೆ. ಭಾರತೀಯ ನ್ಯಾಯ ಸಂಹಿತೆಯ 356ನೇ ಸೆಕ್ಷನ್ನಿನಲ್ಲಿ ಮಾನಹಾನಿ ಈಗಲೂ ಕ್ರಿಮಿನಲ್ ಅಪರಾಧ, ಬರೆದವರ ಜೊತೆಗೆ ಗೊತ್ತಿದ್ದೂ ಅಚ್ಚು ಹಾಕಿದವರೂ ಅದರೊಳಗೆ ಸಿಕ್ಕಿಕೊಳ್ತಾರೆ. ಪ್ರಕಾಶಕರು ಅಂತ ಹೆಸರು ಇರೋದು ನಿಮ್ಮ ಸಂಘದ್ದು. ಇಂಥ ಕಡೆ ಪೆನ್ಸಿಲ್ಲಿನಲ್ಲಿ ಗೆರೆ ಎಳೆದು "ಇದಕ್ಕೆ ದಾಖಲೆ ಇದೆಯಾ, ಇಲ್ಲದಿದ್ರೆ ಹೆಸರು ತೆಗೀರಿ" ಅನ್ನೋ ಒಬ್ಬರು ಇದ್ರೆ ವಕೀಲರ ಫೀಸು ಉಳಿಯತ್ತೆ.

ಕಾನೂನೇ ಒಂಥರಾ ವಿಚಿತ್ರ. 1867ರ ಪ್ರೆಸ್ ಆ್ಯಕ್ಟು ಪತ್ರಿಕೆಗಳಿಗೆ ಸಂಪಾದಕರ ಹೆಸರು ಹಾಕ್ಲೇಬೇಕು ಅಂತಿತ್ತು, ಏನು ಅಚ್ಚಾಗಬೇಕು ಅನ್ನೋ ಆಯ್ಕೆ ಯಾರ ಕೈಲಿದೆಯೋ ಅವರೇ ಸಂಪಾದಕ ಅಂತ ಅದರಲ್ಲಿ ಸ್ಪಷ್ಟವಾಗಿ ಬರೆದಿತ್ತು. ಪುಸ್ತಕಕ್ಕೆ ಮಾತ್ರ ಮುದ್ರಕರ ಹೆಸರು, ಪ್ರಕಾಶಕರ ಹೆಸರು, ಸ್ಥಳ ಇದ್ರೆ ಸಾಕಿತ್ತು. ಈಗ 2023ರ ಹೊಸ ಕಾಯ್ದೆ ಬಂದು, 2024ರ ಮಾರ್ಚ್ 1ರಿಂದ ಜಾರಿಯಾಗಿ, ಪುಸ್ತಕಗಳನ್ನ ಅದರ ವ್ಯಾಪ್ತಿಯಿಂದಲೇ ಬಿಟ್ಟಿದಾರೆ. ಅಂದ್ರೆ ಪುಸ್ತಕಕ್ಕೆ ಸಂಪಾದಕರು ಬೇಕು ಅಂತ ಸರ್ಕಾರ ಆಗಲೂ ಹೇಳಿಲ್ಲ, ಈಗಲೂ ಹೇಳಲ್ಲ. ನಾವೇ ಹೇಳ್ಕೋಬೇಕು.

ಪತ್ರಿಕೆ ಕಡೆಗೆ ಬರೋಣ, ಯಾಕಂದ್ರೆ ಅಲ್ಲಿ ನಿಮ್ಮದೂ ಪಾಲಿದೆ. ಪ್ರತಿ ವರ್ಷ ಜುಲೈ 1ಕ್ಕೆ ಪತ್ರಿಕಾ ದಿನಾಚರಣೆ ಮಾಡ್ತೀವಿ, 1843ರಲ್ಲಿ ಮಂಗಳೂರಲ್ಲಿ ಹರ್ಮನ್ ಮೋಗ್ಲಿಂಗ್ ಕಲ್ಲಚ್ಚಿನಲ್ಲಿ ಮಂಗಳೂರ ಸಮಾಚಾರ ತಂದ ದಿನ ಅಂತ. ವೇದಿಕೆ ಮೇಲೆ ವರದಿಗಾರರಿಗೆ, ಅಂಕಣಕಾರರಿಗೆ, ಮಾಲೀಕರಿಗೆ ಶಾಲು. ಡೆಸ್ಕಿನವರನ್ನ ಕರೆದದ್ದು ನಾನಂತೂ ನೋಡಿಲ್ಲ, ಕರೆದ್ರೂ ಬರೋಕಾಗಲ್ಲ ಅನ್ನಿ, ಸಂಜೆ ಹೊತ್ತಲ್ಲೇ ಪೇಜು ಹೋಗ್ಬೇಕು.

ಡೆಸ್ಕಿಗೆ ಸಂಘಗಳಿಂದ ಬರೋ ವರದಿ ಹೇಗಿರತ್ತೆ ಗೊತ್ತಾ? ಮೊದಲ ಪ್ಯಾರಾದಲ್ಲಿ ದೀಪ ಬೆಳಗಿಸಿದವರು. ಎರಡನೇ ಪ್ಯಾರಾದಲ್ಲಿ ವೇದಿಕೆಯಲ್ಲಿ ಉಪಸ್ಥಿತರಿದ್ದವರು, ಪದನಾಮ, ಉಪಪದನಾಮ, ಮಾಜಿ ಪದನಾಮ ಸಮೇತ. ಮೂರನೇದರಲ್ಲಿ ಪ್ರಾರ್ಥನೆ, ಸ್ವಾಗತ, ಪ್ರಾಸ್ತಾವಿಕ, ನಿರೂಪಣೆ, ವಂದನಾರ್ಪಣೆ ಮಾಡಿದವರು. ಇಷ್ಟೂ ಮುಗಿದು ಕೊನೆಯ ಸಾಲಲ್ಲಿ, ಒಮ್ಮೆ ನಿಜವಾಗ್ಲೂ ಹೀಗೇ ಬಂದಿತ್ತು, ಸಂಘದ ಕನ್ನಡ ಮಾಧ್ಯಮ ಶಾಲೆಯ ಒಂದನೇ ಕ್ಲಾಸಿಗೆ ಈ ವರ್ಷ ಮಕ್ಕಳು ಸೇರದೆ ಇದ್ದದ್ದರಿಂದ ಆ ತರಗತಿಯನ್ನ ನಿಲ್ಲಿಸೋ ಬಗ್ಗೆ ಚರ್ಚಿಸಲಾಯಿತು ಅಂತ. ಅದಲ್ವಾ ಸುದ್ದಿ! ಒಂದು ಶಾಲೆ ಮುಚ್ಚೋ ಹಂತಕ್ಕೆ ಬಂದಿದೆ, ಅದು ವಂದನಾರ್ಪಣೆಯ ಕೆಳಗೆ ಬಿದ್ದಿದೆ. ನಾನು ಅದನ್ನ ಮೇಲೆ ತಂದು ಲೀಡ್ ಮಾಡಿ, ಹೆಡ್ಡಿಂಗಲ್ಲೂ ಅದನ್ನೇ ಕೊಟ್ಟು, ವೇದಿಕೆಯ ಹೆಸರುಗಳನ್ನ ನಾಲ್ಕಕ್ಕೆ ಇಳಿಸಿದೆ. ಮರುದಿನ ಬೆಳಗ್ಗೆ ಫೋನುಗಳು. ಶಾಲೆಯ ಬಗ್ಗೆ ಒಂದೂ ಇಲ್ಲ. "ನಮ್ಮ ಜೊತೆ-ಕೋಶಾಧಿಕಾರಿಯ ಹೆಸರು ಯಾಕೆ ಬಿಟ್ರಿ ಮೇಡಂ?" ಸಾಯಂಕಾಲದೊಳಗೆ ಜಾಹೀರಾತು ವಿಭಾಗದಿಂದ ಮಾತು ಬಂತು, ಆ ಸಂಘದವರು ಗಣೇಶೋತ್ಸವಕ್ಕೆ ಅರ್ಧ ಪೇಜು ಕೊಡೋರು, ಸ್ವಲ್ಪ ನೋಡ್ಕೊಂಡು ಮಾಡಿ ಅಂತ. ಮೂರನೇ ದಿನ ಪೂರಾ ವರದಿ ಫೋಟೋ ಸಮೇತ ಮತ್ತೊಮ್ಮೆ ಬಂತು, ಒಂದು ಹೆಸರೂ ಬಿಡದೆ. ಶಾಲೆ ವಾಪಸ್ ಕೊನೇ ಸಾಲಿಗೆ.

ಹಾಗಾಗಿ ಇವತ್ತು ಪೇಪರಲ್ಲಿ ಓದೋಕೆ ಏನೂ ಇಲ್ಲ ಅಂತ ಯಾರಾದ್ರೂ ಪದಾಧಿಕಾರಿಗಳು ಹೇಳಿದ್ರೆ ನನಗೆ ನಗು ಬರತ್ತೆ. ಬೇಡ ಅನ್ನೋ ಅಧಿಕಾರ ಇಲ್ಲದವರು ಸಂಪಾದಕರಲ್ಲ, ಬಂದದ್ದನ್ನ ಪುಟಕ್ಕೆ ತುಂಬೋರು ಅಷ್ಟೆ. ಮಾಸಿಕಗಳಲ್ಲೂ ಇದೇ. ಕುವೆಂಪು, ಬೇಂದ್ರೆ, ಡಿವಿಜಿ ಹೆಸರು ಹಾಕ್ಕೊಂಡು ವಾಟ್ಸಾಪಲ್ಲಿ ಓಡಾಡೋ ಯಾವುದೋ ಸಾಲನ್ನ ಹಿರಿಯ ಸದಸ್ಯರೊಬ್ಬರು ಕಳಿಸ್ತಾರೆ, ಮೂಲದಲ್ಲಿ ಇದೆಯಾ ಅಂತ ನೋಡೋಕೆ ಹೋದ್ರೆ "ನನ್ನ ಮೇಲೆ ನಂಬಿಕೆ ಇಲ್ವಾ" ಅಂತ ಬೇಜಾರು. ಅದು ಅಚ್ಚಾಗತ್ತೆ. ಇನ್ನು ಎಐ ಹತ್ರ ಬರೆಸಿದ ಮುನ್ನುಡಿಗಳು ಬರ್ತಾ ಇವೆ, ಅದರಲ್ಲಿ ವ್ಯಾಕರಣ ಎಲ್ಲಾ ಸರಿ ಇರತ್ತೆ, ಪುಸ್ತಕದ ಬಗ್ಗೆ ಒಂದು ಮಾತೂ ಇರಲ್ಲ.

ನಿಮ್ಮ ಕಷ್ಟಗಳೂ ನನಗೆ ಗೊತ್ತಿವೆ. ಬರೆದವರು ಸಂಘದ ದಾನಿ, ವಯಸ್ಸಲ್ಲಿ ಹಿರಿಯರು, ಅಚ್ಚಿನ ಖರ್ಚನ್ನೂ ಅವರೇ ಕೊಡೋದು, ಅವರ ಹಸ್ತಪ್ರತಿಗೆ ಪೆನ್ನು ಹಚ್ಚೋದು ಹೇಗೆ? ನಾನು ಕಂಡಂತೆ ಕೋಪ ಮಾಡ್ಕೊಳ್ಳೋರು ಸುತ್ತಲಿನವರೇ ಹೊರತು ಹಿರಿಯರಲ್ಲ. ಗಂಭೀರವಾಗಿ ಓದಿ, ಪುಟಪುಟಕ್ಕೂ ಪ್ರಶ್ನೆ ಬರ್ಕೊಂಡು ಹೋಗಿ ಎದುರಿಗೆ ಕೂತ್ರೆ, ತಮ್ಮ ಬರಹವನ್ನ ಒಬ್ಬರು ಇಷ್ಟು ಗಮನ ಕೊಟ್ಟು ಓದಿದಾರಲ್ಲ ಅನ್ನೋ ಖುಷಿಗೇ ಅರ್ಧ ಒಪ್ಕೊಳ್ತಾರೆ. ಇನ್ನೊಂದು ಕಷ್ಟ ಪುಟದ್ದು. ಕರ್ನಾಟಕದ ಗ್ರಂಥಾಲಯ ಇಲಾಖೆ ಪುಸ್ತಕ ತಗೊಳ್ಳೋವಾಗ ಪುಟದ ಲೆಕ್ಕದಲ್ಲಿ ದರ ಕಟ್ಟೋದ್ರಿಂದ ಪುಸ್ತಕ ದಪ್ಪ ಆದಷ್ಟೂ ಲಾಭ, ಅಲ್ಲಿ ಸಂಪಾದಕರು ಕೂತು ಅರವತ್ತು ಪುಟ ಕಿತ್ತರೆ ಪ್ರಕಾಶಕರ ಮುಖ ಸಣ್ಣ ಆಗತ್ತೆ. ಇದನ್ನ ಬೆಂಗಳೂರಿನವರು ಸರಿ ಮಾಡ್ಬೇಕು, ನಾವು ಇಲ್ಲಿಂದ ಕೂಗಿದ್ರೆ ಕೇಳಿಸಲ್ಲ. ಆದರೆ ನಿಮ್ಮ ಸ್ಮರಣ ಸಂಚಿಕೆ ಯಾವ ಗ್ರಂಥಾಲಯ ಖರೀದಿಗೂ ಹೋಗೋದಿಲ್ವಲ್ಲ, ಅದನ್ನ ಯಾಕೆ ದಪ್ಪ ಮಾಡ್ತೀರ?

ಸಂಪಾದಕರೆಲ್ಲ ದೇವರು ಅಂತ ಹೇಳೋಕೂ ನಾನು ತಯಾರಿಲ್ಲ. ಕೆಟ್ಟ ಸಂಪಾದಕರು ಕೆಟ್ಟ ಲೇಖಕರಿಗಿಂತ ಅಪಾಯ. ಕುಂದಾಪುರ ಕಡೆಯ ಅಜ್ಜಿಯೊಬ್ಬರ ಮಾತಿನಲ್ಲಿ "ಎಂತಕ್ಕೆ ಬಪ್ಪುದ್, ನಾ ಹೋಪುದಿಲ್ಲೆ" ಅಂತ ಇದ್ದದ್ದನ್ನ "ಏಕೆ ಬರಬೇಕು, ನಾನು ಹೋಗುವುದಿಲ್ಲ" ಅಂತ ಮಾಡಿ ಕಳಿಸಿದ ಮಹಾನುಭಾವರನ್ನ ನೋಡಿದೀನಿ. ಅವರ ಪ್ರಕಾರ ಭಾಷೆ ಶುದ್ಧ ಆಯ್ತು. ಅಜ್ಜಿ ಸತ್ತರು. ಇನ್ನು ಮುಂಬೈ ಕನ್ನಡ ಅಂತಲೇ ಒಂದಿದೆ, ಖೋಲಿ, ಚಾಳು, ಪಗಡಿ, ಡಬ್ಬಾ, ಗಾಡಿ ಹಿಡಿಯೋದು ಎಲ್ಲಾ ಅದರೊಳಗೆ ಸಹಜವಾಗಿ ಬರತ್ತೆ, ಅದನ್ನ ಊರಿನ ಪುಸ್ತಕದ ಕನ್ನಡಕ್ಕೆ ತಿರುಗಿಸಿದ್ರೆ ಆ ಪುಸ್ತಕವನ್ನ ಮುಂಬೈಯಲ್ಲಿ ಕೂತು ಬರೆದದ್ದಕ್ಕೆ ಏನು ಅರ್ಥ? ಎಲ್ಲಿ ಕೈ ಹಾಕ್ಬಾರದು ಅನ್ನೋದು ಗೊತ್ತಿರೋರು ಬೇಕು, ಅದಕ್ಕೇ ಹೇಳ್ತಿರೋದು ಇದು ಸಿಕ್ಕಿದವರ ತಲೆಗೆ ಕಟ್ಟೋ ಕೆಲಸ ಅಲ್ಲ ಅಂತ.

ಕನ್ನಡಕ್ಕೆ ಇದು ಹೊಸದೂ ಅಲ್ಲ. ಫ.ಗು. ಹಳಕಟ್ಟಿಯವರು ಬಿಜಾಪುರದಲ್ಲಿ ವಕೀಲರಾಗಿದ್ದವರು, ಬಿಜಾಪುರ ಆಗ ಮುಂಬೈ ಪ್ರಾಂತ್ಯದ ಜಿಲ್ಲೆ. ಮನೆಮನೆಯ ಮೂಲೆಯಲ್ಲಿದ್ದ ವಚನಗಳ ತಾಳೆಗರಿ ಕಟ್ಟುಗಳನ್ನ ಹುಡುಕಿ ತಂದು, ಓದಿ, ಜೋಡಿಸಿ 1923ರಲ್ಲಿ ಪುಸ್ತಕ ತಂದ್ರು, 1925ರಲ್ಲಿ ತಮ್ಮದೇ ಪ್ರೆಸ್ಸನ್ನೂ ಹಾಕಿದ್ರು. ಇವತ್ತು ನಮ್ಮ ಸಭೆಗಳಲ್ಲಿ ಭಾಷಣಕಾರರು ಬಾಯಿಪಾಠ ಹೇಳೋ ವಚನಗಳು ನಮ್ಮ ತನಕ ಬಂದಿರೋದ್ರಲ್ಲಿ ಅವರ ಪಾಲು ಎಷ್ಟು ದೊಡ್ಡದು ಅನ್ನೋದು ಬಲ್ಲವರಿಗೆ ಗೊತ್ತು. ಧಾರವಾಡದಲ್ಲಿ ಜಿ.ಬಿ. ಜೋಶಿ 1933ರಲ್ಲಿ ಶುರು ಮಾಡಿದ ಮನೋಹರ ಗ್ರಂಥಮಾಲೆ ಅನ್ನೋ ಪ್ರಕಾಶನಕ್ಕೆ ಕೀರ್ತಿನಾಥ ಕುರ್ತಕೋಟಿ ಸಾಹಿತ್ಯ ಸಲಹೆಗಾರರಾಗಿದ್ರು. ಸುಭಾಸ್ ರೋಡಿನ ಆ ಅಟ್ಟದ ಮೇಲೆ ಹಸ್ತಪ್ರತಿ ಓದಿ, ವಾದ ಮಾಡಿ, ಆಮೇಲೆ ಅಚ್ಚಿಗೆ ಕೊಡೋ ಪದ್ಧತಿ ಇತ್ತು. ಆಫೀಸು ಅಂದ್ರೆ ಒಂದು ಅಟ್ಟ, ಅಷ್ಟೇ. ಎಸಿ ಹಾಲ್ ಇರ್ಲಿಲ್ಲ. ನಮ್ಮಲ್ಲಿ ಎಸಿ ಹಾಲ್ ಇದೆ, ಅಟ್ಟ ಇಲ್ಲ.

ಈಗ ನಾನು ಕೇಳೋದು ಏನು ಅಂದ್ರೆ, ಮುಂದಿನ ಪುಸ್ತಕಕ್ಕೆ ಮೊದಲ ಮೀಟಿಂಗಲ್ಲೇ ಒಬ್ಬ ಸಂಪಾದಕರನ್ನ ನೇಮಿಸಿ. ಒಬ್ಬರು ಸಾಕು, ಮಂಡಳಿ ಬೇಡ. ಅವರಿಗೆ ಕೊಡೋ ಹಣವನ್ನ ಬಿಡುಗಡೆ ಸಮಾರಂಭದ ಖರ್ಚಿನಿಂದ ತೆಗೀರಿ, ಒಬ್ಬ ಅತಿಥಿ ಕಮ್ಮಿ ಮಾಡಿದ್ರೆ ವಿಮಾನದ ಟಿಕೆಟ್ಟು, ಲಾಡ್ಜು, ಟ್ಯಾಕ್ಸಿ ಎಲ್ಲ ಸೇರಿ ಅದು ಬಂದುಬಿಡತ್ತೆ. ಏನು ಕೆಲಸ, ಎಷ್ಟು ದಿನ, ಎಷ್ಟು ದುಡ್ಡು ಅಂತ ಒಂದು ಹಾಳೆಯಲ್ಲಿ ಬರೆದು ಇಬ್ಬರೂ ಸಹಿ ಹಾಕಿ, "ನಮ್ಮವರೇ ಅಲ್ವಾ" ಅಂತ ಬಾಯಿಮಾತಲ್ಲಿ ಬಿಡಬೇಡಿ, ಆ ಬಾಯಿಮಾತಿನ ದುಡ್ಡು ಎಷ್ಟೋ ಜನಕ್ಕೆ ಇನ್ನೂ ಬಂದಿಲ್ಲ. ಹಸ್ತಪ್ರತಿ ಸಿದ್ಧ ಇಲ್ಲ ಅಂತ ಅವರು ಹೇಳಿದ್ರೆ ಬಿಡುಗಡೆ ದಿನಾಂಕ ಮುಂದಕ್ಕೆ ಹೋಗ್ಬೇಕು. ಇದೇ ಕಷ್ಟದ್ದು, ನನಗೆ ಗೊತ್ತು, ನೀವು ಹಾಲ್ ಮೊದಲು ಬುಕ್ ಮಾಡಿ ಆಮೇಲೆ ಲೇಖನ ಕೇಳೋರು. ಹಾಲ್ ಬುಕ್ಕಿಂಗನ್ನ ಕೊನೇ ಪ್ರೂಫ್ ನೋಡಿದ ಮೇಲೆ ಮಾಡಿ. ಇಂಪ್ರಿಂಟ್ ಪುಟದಲ್ಲಿ ಮುದ್ರಕರ ಹೆಸರಿನ ಹತ್ರ ಇವರ ಹೆಸರೂ ಇರಲಿ, ಸಣ್ಣ ಅಕ್ಷರದಲ್ಲಾದ್ರೂ ಆಯ್ತು, ಹೊಗಳಿಕೆಗಲ್ಲ, ತಪ್ಪು ಕಂಡ್ರೆ ಯಾರನ್ನ ಕೇಳ್ಬೇಕು ಅಂತ ಗೊತ್ತಾಗ್ಲಿ ಅಂತ.

ಯುವಕರು ಸಿಗಲ್ಲ ಅಂತೀರಲ್ಲ, ಮುಂಬೈ ವಿಶ್ವವಿದ್ಯಾಲಯದ ಕನ್ನಡ ವಿಭಾಗದಲ್ಲಿ ಎಂಎ ಮಾಡೋರು ಇದಾರೆ, ಬಹಳಷ್ಟು ಜನ ಕೆಲಸ ಮಾಡ್ಕೊಂಡೇ ಓದೋರು, ಗೃಹಿಣಿಯರೂ ಇದಾರೆ. ಅವರಲ್ಲಿ ಇಬ್ಬರನ್ನ ಒಂದು ಸ್ಮರಣ ಸಂಚಿಕೆಗೆ ಸಹಾಯಕ ಸಂಪಾದಕರು ಅಂತ ತಗೊಂಡು, ಡೆಸ್ಕಿನ ಅನುಭವ ಇರೋರ ಪಕ್ಕ ಕೂರಿಸಿ, ಕೈಗೆ ಸ್ವಲ್ಪ ದುಡ್ಡೂ ಕೊಡಿ. ಕಾಪಿ ಹೇಗೆ ನೋಡೋದು, ಲೇಖಕರಿಗೆ ಬೇಜಾರಾಗದ ಹಾಗೆ ಪ್ರಶ್ನೆ ಹೇಗೆ ಕೇಳೋದು ಅನ್ನೋದು ಕ್ಲಾಸಲ್ಲಿ ಬರಲ್ಲ, ಒಂದು ಪುಸ್ತಕ ಕೈದಾಟಿದ್ರೆ ಬರತ್ತೆ. ನಮ್ಮ ಕಾಲದ ಡೆಸ್ಕಿನವರು ಈಗ ಉಳಿದಿರೋದೇ ಬೆರಳೆಣಿಕೆ, ಕಲಿಸೋಕೆ ನಾವು ತಯಾರಿದೀವಿ, ಅದಕ್ಕೆ ನನಗೆ ಪ್ರತ್ಯೇಕ ದುಡ್ಡು ಬೇಡ.

ಈ ಪತ್ರವನ್ನ ಓದಿ ಯಾವುದಾದ್ರೂ ಸಂಘದವರು ಇದನ್ನ ಮುಂದಿನ ಕಾರ್ಯಕಾರಿ ಸಮಿತಿ ಸಭೆಯ ಅಜೆಂಡಾದಲ್ಲಿ ಹಾಕೋದಾದ್ರೆ, "ಇತರ ವಿಷಯಗಳು" ಅನ್ನೋದರ ಕೆಳಗೆ ದಯವಿಟ್ಟು ಬೇಡ, ಆ ಹೊತ್ತಿಗೆ ಎಲ್ಲರೂ ಚಪ್ಪಲಿ ಹುಡುಕ್ತಿರ್ತಾರೆ. ನನ್ನನ್ನ ಕರೆದ್ರೆ ಬಂದು ಮಾತಾಡ್ತೀನಿ, ನಿಮ್ಮ ಹಳೇ ಸಂಚಿಕೆಯ ಒಂದು ಫಾರ್ಮಾ ಕೊಟ್ರೆ ಹದಿನಾರು ಪುಟ ಅಲ್ಲೇ ತಿದ್ದಿ ತೋರಿಸ್ತೀನಿ. ಭಾನುವಾರ ಇಡೋದಾದ್ರೆ ಮಾತ್ರ ಸೆಂಟ್ರಲ್ ಲೈನಿನ ಮೆಗಾಬ್ಲಾಕ್ (ರಿಪೇರಿಗೆ ಅಂತ ಲೋಕಲ್ ನಿಲ್ಲಿಸೋದು) ಎಷ್ಟು ಗಂಟೆಗೆ ಅಂತ ನೋಡ್ಕೊಂಡು ಟೈಮ್ ಕೊಡಿ.

ಇತಿ,
ಡೊಂಬಿವಲಿಯಿಂದ ಒಬ್ಬ ಹಳೇ ಡೆಸ್ಕಿನವಳು